ಸಾಹಿತ್ಯ ಓದಿದ್ದೇನೆ, ಕೋಡಿಂಗ್ ಬರುವುದಿಲ್ಲ. ಕಥೆಯೇ ಮುಖ್ಯವಾದ ವಿಡಿಯೋ ಗೇಮ್‌ಗಳಿಗೆ ಡೈರೆಕ್ಟರ್ ಆಗಬಹುದಾ?

ಖಂಡಿತ ಆಗಬಹುದು. ಆದರೆ ತುಂಬಾ ವರ್ಷ ಹಿಡಿಯುತ್ತದೆ. ನಾನು ಒಂದು ಚಿಕ್ಕ ತಂಡದಲ್ಲಿ ಗೇಮ್‌ಗಳಿಗೆ ಡೈಲಾಗ್ ಬರೆಯುತ್ತೇನೆ. ನಿಮ್ಮ ಪ್ರಶ್ನೆ ಓದಿದ ತಕ್ಷಣ ನೆನಪಾದವರು ಫಿನ್‌ಲ್ಯಾಂಡಿನ ಗೇಮ್ ಬರಹಗಾರ, ಡೈರೆಕ್ಟರ್ ಸ್ಯಾಮ್ ಲೇಕ್. ನಿಜವಾದ ಹೆಸರು ಸಾಮಿ ಯಾರ್ವಿ. ಫಿನ್ನಿಶ್ ಭಾಷೆಯಲ್ಲಿ ಯಾರ್ವಿ ಅಂದರೆ ಸರೋವರ, ಅದೇ ಇಂಗ್ಲಿಷಿನಲ್ಲಿ ಲೇಕ್ ಆಯಿತು.

ಅವರೂ ನಿಮ್ಮ ಹಾಗೇ, ಹೆಲ್ಸಿಂಕಿಯಲ್ಲಿ ಇಂಗ್ಲಿಷ್ ಸಾಹಿತ್ಯ ಓದಿದವರು. ರೆಮಿಡಿ ಅನ್ನೋ ಗೇಮ್ ಕಂಪನಿಯಲ್ಲಿ ಗೆಳೆಯರೊಬ್ಬರಿದ್ದರು, ಬರೆಯಲು ಕರೆದರು. 1996ರ 'ಡೆತ್ ರ‍್ಯಾಲಿ' ಅನ್ನೋ ಕಾರ್ ರೇಸ್ ಗೇಮ್‌ಗೆ ಒಂದಿಷ್ಟು ಸಾಲು ಬರೆದರು. ಶುರುವಾಗಿದ್ದು ಅಷ್ಟರಿಂದಲೇ.

ಅವರು ಕಥೆ ಬರೆದ 2001ರ 'ಮ್ಯಾಕ್ಸ್ ಪೇನ್' ಗೇಮ್ ನೋಡಿ. ಸಿನಿಮಾದಂಥ ದೃಶ್ಯ ಮಾಡಿಸಲು ದುಡ್ಡು ಸಾಲದು. ಹಾಗಾಗಿ ಫೋಟೋ ತೆಗೆದು ಕಾಮಿಕ್ಸ್ ಪುಟಗಳ ಹಾಗೆ ಜೋಡಿಸಿದರು. ನಾಯಕನ ಮುಖ ಲೇಕ್ ಅವರದ್ದೇ. ಖಳನಾಯಕಿಯ ಫೋಟೋಗಳಲ್ಲಿ ಇರೋದು ಅವರ ಅಮ್ಮ! ಇದರಿಂದ ಬರೆಯುವವರಿಗೆ ದೊಡ್ಡ ಲಾಭವಿತ್ತು. ಕಥೆ ಬದಲಾದರೆ ಪುಟದ ಮೇಲಿನ ಮಾತು ಬದಲಿಸಿದರೆ ಸಾಕು, ಮತ್ತೆ ದೃಶ್ಯ ಕಟ್ಟಬೇಕಿಲ್ಲ.

ನಾನು ಅತಿ ಹೆಚ್ಚು ಕಲಿತದ್ದು ಅವರೇ ಬರೆದ 2010ರ 'ಅಲನ್ ವೇಕ್' ಗೇಮ್‌ನಿಂದ. ನಾಯಕ ಒಬ್ಬ ಕಾದಂಬರಿಕಾರ. ತಾನು ಬರೆದ ನೆನಪೇ ಇಲ್ಲದ ಹಸ್ತಪ್ರತಿಯ ಹಾಳೆಗಳು ಅವನಿಗೆ ದಾರಿಯಲ್ಲಿ ಸಿಗುತ್ತವೆ. ಮುಂದೆ ಆಗೋದನ್ನು ಅವು ಮೊದಲೇ ಹೇಳಿಬಿಡುತ್ತವೆ. ಓದಿದ ಮೇಲೆ ಆ ಕತ್ತಲಿಗೆ ಕಾಲಿಡುವವರು ನೀವೇ, ಭಯ ಹೇಗಿರುತ್ತದೆ ಅಲ್ವಾ? ಶತ್ರುಗಳನ್ನು ಕತ್ತಲೆ ಸುತ್ತಿಕೊಂಡಿರುತ್ತದೆ. ಮೊದಲು ಟಾರ್ಚ್ ಬೆಳಕು ಬಿಟ್ಟು ಅದನ್ನು ಕಳೆಯಬೇಕು, ಆಮೇಲೆ ಗುಂಡು. ಬೆಳಕು ಕತ್ತಲೆಯ ಕಥೆಯನ್ನು ಆಡುವವರು ಕೈಯಾರೆ ನಡೆಸುತ್ತಾರೆ. ನನ್ನ ಪ್ರಕಾರ ಗೇಮ್ ಬರಹಗಾರ ಡೈರೆಕ್ಟರ್ ಆಗಲು ಶುರುಮಾಡೋದು ಇಲ್ಲೇ: ಪಾತ್ರ ಏನು ಹೇಳಬೇಕು ಅನ್ನೋದಕ್ಕಿಂತ ಆಡುವವರು ಏನು ಮಾಡಬೇಕು ಅಂತ ಯೋಚಿಸಿದಾಗ.

ಅದರ ಎರಡನೇ ಭಾಗ ಬಂದದ್ದು 13 ವರ್ಷದ ಮೇಲೆ, 2023ರಲ್ಲಿ. ನಡುವೆ ರೆಮಿಡಿಯ 'ಕ್ವಾಂಟಮ್ ಬ್ರೇಕ್', 'ಕಂಟ್ರೋಲ್' ಗೇಮ್‌ಗಳು ಬಂದವು. 'ಅಲನ್ ವೇಕ್ 2' ಅನ್ನು ಲೇಕ್ ಒಬ್ಬರೇ ನಿರ್ದೇಶಿಸಲಿಲ್ಲ, ಕೈಲ್ ರೌಲಿ ಜೊತೆಗಿದ್ದರು. ಆ ವರ್ಷದ ಗೇಮ್ ಅವಾರ್ಡ್ಸ್‌ನಲ್ಲಿ ನಿರ್ದೇಶನ, ಕಥೆ ಎರಡಕ್ಕೂ ಪ್ರಶಸ್ತಿ ಬಂತು. ನಿಮಗೆ ಬಾರದ್ದನ್ನು ಬಲ್ಲವರ ಜೊತೆ ಕೂತು ಕೆಲಸ ಮಾಡಲು ಬಂದರೆ ಕೋಡಿಂಗ್ ಬಾರದ್ದು ಅಡ್ಡಿಯಾಗುವುದಿಲ್ಲ.

ಈಗಲೇ ಶುರು ಮಾಡಿ. ಟ್ವೈನ್ ಅನ್ನೋ ಉಚಿತ ಸಾಫ್ಟ್‌ವೇರ್ ಇದೆ, ಕೋಡಿಂಗ್ ಇಲ್ಲದೆಯೇ ಆಯ್ಕೆಗಳಿರುವ ಕಥೆ ಮಾಡಬಹುದು. ಹತ್ತು ನಿಮಿಷದ್ದು ಸಾಕು, ಕನ್ನಡದಲ್ಲೇ ಮಾಡಿ. ಗೆಳೆಯರಿಗೆ ಆಡಲು ಕೊಟ್ಟು, ಪಕ್ಕದಲ್ಲಿ ಸುಮ್ನೆ ಕೂತು ನೋಡಿ. ಏನನ್ನೂ ವಿವರಿಸಬೇಡಿ. ಅವರು ಓದದೆ ಮುಂದೆ ಹೋದ ಜಾಗಗಳನ್ನು ಗುರುತು ಹಾಕಿಕೊಳ್ಳಿ. ಅಲ್ಲಿ ಮಾತು ಜಾಸ್ತಿಯಾಗಿರುತ್ತದೆ, ಅವರಿಗೆ ಮಾಡಲು ಏನೂ ಇರುವುದಿಲ್ಲ. ಅದನ್ನು ತಿದ್ದಿ, ಇನ್ನೊಬ್ಬರಿಗೆ ಕೊಡಿ.