‘ನಂಗೆ ಇಸವಿ ನೆನಪಿರಲ್ಲ ಮೇಡಂ’: ಒಂದು ಆಪ್ತಸಲಹೆ ಪ್ರಕರಣ

ನನ್ನ ಹತ್ತಿರ ಆಪ್ತಸಲಹೆಗೆ ಬಂದ ವಿದ್ಯಾರ್ಥಿನಿಯೊಬ್ಬಳ ಕಥೆ ಇದು. ಹೆಸರು, ಊರು, ಕಾಲೇಜು ಯಾವುದನ್ನೂ ಹೇಳುವುದಿಲ್ಲ. ಒಂದೆರಡು ವಿವರ ಬದಲಿಸಿದ್ದೇನೆ. ಬರೆಯಲು ಅವಳ ಒಪ್ಪಿಗೆ ಇದೆ.

ಎಂ.ಎ. ಇಂಗ್ಲಿಷ್ ಮೊದಲ ಸೆಮಿಸ್ಟರ್‌ನ ಹುಡುಗಿ. ಹತ್ತನೇ ಕ್ಲಾಸಿನವರೆಗೆ ಕನ್ನಡ ಮೀಡಿಯಂ. ಮನೆಯಲ್ಲಿ ಇಷ್ಟು ಓದಿದವಳು ಇವಳೇ ಮೊದಲು, ಅಪ್ಪ ಊರಲ್ಲೆಲ್ಲ ‘ನನ್ ಮಗಳು ಇಂಗ್ಲಿಷಲ್ಲೇ ಎಂ.ಎ. ಮಾಡ್ತಿದ್ದಾಳೆ’ ಅಂತ ಹೇಳಿಕೊಂಡು ಬಂದಿದ್ದಾರೆ. ಅವಳನ್ನು ಹಿಂಡುತ್ತಿದ್ದದ್ದು ಇಂಗ್ಲಿಷ್ ಸಾಹಿತ್ಯ ಚರಿತ್ರೆಯ ಪೇಪರ್. ಇಂಟರ್ನಲ್ಸ್ ಹತ್ತಿರ ಬಂದರೆ ನಿದ್ದೆ ಇಲ್ಲ, ಹೊಟ್ಟೆ ತೊಳಸುತ್ತದೆ, ಓದಿದ ಪುಟವನ್ನೇ ಮತ್ತೆ ಮತ್ತೆ ಓದುತ್ತಾಳೆ. ‘ನಂಗೆ ಇಸವಿ ನೆನಪಿರಲ್ಲ ಮೇಡಂ, ಇದು ನನ್ ಕೈಲಿ ಆಗಲ್ಲ.’ ಕೋರ್ಸ್ ಬಿಡುವ ಯೋಚನೆಯಲ್ಲಿದ್ದಳು. ಊಟ, ನಿದ್ದೆ, ಬದುಕು ಬೇಡ ಅನ್ನಿಸುತ್ತಾ, ಎಲ್ಲ ವಿಚಾರಿಸಿದೆ. ಡಾಕ್ಟರ ಹತ್ತಿರ ಕಳಿಸುವಂಥದ್ದೇನೂ ಕಾಣಲಿಲ್ಲ.

ಮುಂದಿನ ಸಲ ಪುಸ್ತಕಾನೂ ನೋಟ್ಸೂ ತಗೊಂಡು ಬಾ ಅಂದೆ. ನಾನೂ ಡಿಗ್ರಿಯಲ್ಲಿ ಆಪ್ಷನಲ್ ಇಂಗ್ಲಿಷ್ ಓದಿದವಳು, ಅದು ಇಲ್ಲಿ ಕೆಲಸಕ್ಕೆ ಬಂತು. ನೋಟ್‌ಬುಕ್ಕಿನಲ್ಲಿ ಮೂರು ಬಣ್ಣದ ಹೈಲೈಟರ್, ಮುತ್ತಿನಂಥ ಅಕ್ಷರ. ‘ಜಾನ್ ಡನ್, 1572–1631, ಮೆಟಫಿಸಿಕಲ್, ಕನ್ಸೀಟ್, ವಿಟ್, ಒರಟು ಲಯ.’ ಡನ್‌ನ ಯಾವ ಪದ್ಯ ಓದಿದ್ದೀಯ ಅಂತ ಕೇಳಿದೆ. ಒಂದೂ ಇಲ್ಲ. ಮಿಲ್ಟನ್? ಇಲ್ಲ. ಊಟ ಮಾಡದೆ ಬರೀ ಮೆನು ಕಾರ್ಡ್ ಉರುಹೊಡೆದಂತೆ. ಇದರಲ್ಲಿ ಅವಳ ತಪ್ಪೇನಿಲ್ಲ, ಪರೀಕ್ಷೆ ಕೇಳುವುದೇ ಅದನ್ನು. ಆದರೆ ಕಾಣದ ಪದ್ಯಕ್ಕೆ ಅಂಟಿಸಿದ ವಿಶೇಷಣ ಯಾರ ತಲೆಯಲ್ಲೂ ನಿಲ್ಲುವುದಿಲ್ಲ.

ಅವತ್ತು ಫೋನಿನಲ್ಲೇ ಡನ್‌ನ ‘ದ ಫ್ಲೀ’ ಪದ್ಯ ತೆಗೆದು ಇಬ್ಬರೂ ಓದಿದೆವು. ಇಪ್ಪತ್ತೇಳೇ ಸಾಲು. ಒಂದು ಚಿಗಟ ನನ್ನನ್ನೂ ಕಚ್ಚಿದೆ, ನಿನ್ನನ್ನೂ ಕಚ್ಚಿದೆ, ನಮ್ಮಿಬ್ಬರ ರಕ್ತ ಅದರ ಹೊಟ್ಟೆಯಲ್ಲಿ ಆಗಲೇ ಬೆರೆತಿದೆ, ಇನ್ನೇನು ನಾಚಿಕೆ ಅಂತ ಪದ್ಯದ ಪ್ರೇಮಿ ತನ್ನ ಹುಡುಗಿಯ ಮುಂದೆ ಹೂಡುವ ವಾದ. ನಮ್ಮ ಹುಡುಗಿ ಸುಮ್ನೆ ಒಂದು ನಿಮಿಷ ನೋಡಿ, ಜೋರಾಗಿ ನಕ್ಕಳು. ‘ಚಿಗಟಾನಾ ಮೇಡಂ?’ ಆಮೇಲೆ ಪಠ್ಯಪುಸ್ತಕದಲ್ಲಿ ಕನ್ಸೀಟ್, ಅಂದ್ರೆ ಇಂಥ ದೂರದ ಹೋಲಿಕೆಯನ್ನು ಜಾಣತನದಿಂದ ಎಳೆದು ಬೆಳೆಸುವುದರ ಬಗ್ಗೆ ಇರುವ ಪ್ಯಾರಾ ಓದಿಸಿದೆ. ಈ ಸಲ ಎರಡನೇ ಬಾರಿ ಓದಬೇಕಾಗಲಿಲ್ಲ.

ಆ ನಗುವಿನ ಧೈರ್ಯಕ್ಕೇ ಇರಬೇಕು, ತಿಂಗಳುಗಟ್ಟಲೆ ಒಳಗೇ ಇಟ್ಟುಕೊಂಡಿದ್ದ ಒಂದು ಪ್ರಶ್ನೆ ಹೊರಗೆ ಬಂತು. ಎಲಿಜಬೆತ್ ರಾಣಿ 1603ಕ್ಕೆ ತೀರಿಕೊಂಡಳು, ‘ಮ್ಯಾಕ್‌ಬೆತ್’ ಅದಾದ ಮೇಲೆ ಜೇಮ್ಸ್ ದೊರೆಯ ಕಾಲದಲ್ಲಿ ಬಂತು, ಹಾಗಿದ್ದ ಮೇಲೆ ಶೇಕ್ಸ್‌ಪಿಯರ್ ಎಲಿಜಬೆತನ್ ಹೇಗಾದ? ಕ್ಲಾಸಿನಲ್ಲಿ ಕೇಳಿದರೆ ಪಟಪಟ ಇಂಗ್ಲಿಷ್ ಮಾತಾಡುವವರು ನಗುತ್ತಾರೆ ಅಂತ ಕೇಳಿರಲಿಲ್ಲ. ನನ್ನ ಪ್ರಕಾರ ಆ ಪುಸ್ತಕಕ್ಕೆ ಕೇಳಬೇಕಾದ ಪ್ರಶ್ನೆಯೇ ಅದು. ಇಂಥ ಹೆಸರುಗಳೆಲ್ಲ ಅಂದಾಜಿಗೆ ಹಾಕಿದ ಗೆರೆಗಳು, ಎಷ್ಟೋ ಸಲ ಆಮೇಲಿನವರು ಹಾಕಿದ್ದು. ವಿಮರ್ಶಕ ಡಾ. ಜಾನ್ಸನ್ ಡನ್‌ನಂಥವರನ್ನು ‘ಮೆಟಫಿಸಿಕಲ್ ಕವಿಗಳು’ ಅಂತ ಬರೆದದ್ದು 1779ರಲ್ಲಿ, ಡನ್ ಸತ್ತು ಸುಮಾರು ಒಂದೂವರೆ ಶತಮಾನ ಆದಮೇಲೆ.

ಇನ್ನೊಂದು ಮಾತನ್ನೂ ಹೇಳಿದೆ. ಅವಳ ಕೈಯಲ್ಲಿದ್ದಂಥ ಹಳೇ ಚರಿತ್ರೆಗಳು ‘ನಮ್ಮ ಕವಿಗಳು’ ಅಂತ ಬರೆಯುತ್ತವೆ. ಓದುವವರಿಗೆ ಬೈಬಲ್ಲೂ ಇಂಗ್ಲೆಂಡಿನ ದೊರೆಗಳೂ ಮೊದಲೇ ಗೊತ್ತು ಅಂದುಕೊಂಡೇ ಶುರುಮಾಡುತ್ತವೆ. ಬಯಲುಸೀಮೆಯ ಹುಡುಗಿಗೆ ಪ್ಯೂರಿಟನ್ (ಇಂಗ್ಲೆಂಡಿನ ಕಟ್ಟುನಿಟ್ಟಿನ ಪ್ರಾಟೆಸ್ಟೆಂಟರು) ಅಂದ್ರೆ ಯಾರು ಅಂತ ಗೊತ್ತಿಲ್ಲದಿದ್ದರೆ ಅದು ದಡ್ಡತನ ಹೇಗಾಗುತ್ತೆ? ಅವಳು ತನ್ನ ತಲೆಯನ್ನು ಬೈದುಕೊಳ್ಳುತ್ತಿದ್ದಳು, ಕೊರತೆ ಇದ್ದದ್ದು ಹಿನ್ನೆಲೆಯಲ್ಲಿ.

ಸಲಹೆ ಅಂತ ಕೊಟ್ಟದ್ದು ಸ್ವಲ್ಪವೇ. ಯಾವ ಅಧ್ಯಾಯಕ್ಕೂ ಮೊದಲು ಆ ಕಾಲದ ಒಂದು ಪದ್ಯ ಅಥವಾ ನಾಟಕದ ಒಂದು ದೃಶ್ಯ ಓದಬೇಕು, ಅರ್ಥ ಆಗದಿದ್ದರೂ ಪರವಾಗಿಲ್ಲ, ಆಮೇಲೆ ಪಠ್ಯಪುಸ್ತಕ. ಇಸವಿ ಕಾರಣದ ಜೊತೆಗೇ ಬರಲಿ: 1642ರಲ್ಲಿ ಇಂಗ್ಲೆಂಡಿನ ದೊರೆಗೂ ಪಾರ್ಲಿಮೆಂಟಿಗೂ ಅಂತರ್ಯುದ್ಧ ಶುರುವಾಗಿ ಪಾರ್ಲಿಮೆಂಟು ನಾಟಕಶಾಲೆ ಮುಚ್ಚಿಸಿತು, 1649ರಲ್ಲಿ ಚಾರ್ಲ್ಸ್ ದೊರೆಯ ತಲೆ ತೆಗೆದರು, 1660ರಲ್ಲಿ ಮಗ ವಾಪಸ್ ಬಂದ, ನಾಟಕಶಾಲೆ ತೆರೆಯಿತು, ಹೆಂಗಸರ ಪಾತ್ರವನ್ನು ಹೆಂಗಸರೇ ಮಾಡತೊಡಗಿದರು. ಹಿಂದೆ ಗೆದ್ದಿದ್ದ ಪಾರ್ಲಿಮೆಂಟಿನ ಪಕ್ಷ ಹೀಗೆ ನೆಲಕಚ್ಚಿದ ಮೇಲೆ, ಅದೇ ಪಕ್ಷದವನಾಗಿದ್ದ, ಕಣ್ಣು ಕಳೆದುಕೊಂಡಿದ್ದ ಮಿಲ್ಟನ್‌ನ ‘ಪ್ಯಾರಡೈಸ್ ಲಾಸ್ಟ್’ 1667ಕ್ಕೆ ಅಚ್ಚಾಯಿತು. ಇದನ್ನು ಕನ್ನಡದಲ್ಲಿ ತಂಗಿಗೆ ಕಥೆ ಥರ ಹೇಳು, ಆಮೇಲೆ ಇಂಗ್ಲಿಷಿನಲ್ಲಿ ಬರಿ ಅಂದೆ. ರಾತ್ರಿ ಹನ್ನೊಂದರ ಮೇಲೆ ಪುಸ್ತಕ ಮುಟ್ಟಬಾರದು. ಅಪ್ಪನ ಹತ್ತಿರ ‘ಕಷ್ಟ ಆಗ್ತಿದೆ’ ಅಂತ ಒಂದು ಸಲ ಬಾಯಿಬಿಟ್ಟು ಹೇಳಬೇಕು. ಈ ಕೊನೆಯದಕ್ಕೇ ಅವಳು ಜಾಸ್ತಿ ಹೆದರಿದಳು. ಹೇಳಿದಾಗ ಅಪ್ಪ ಕೇಳಿದ್ದು ಇಷ್ಟೇ ಅಂತೆ: ‘ಊಟ ಸರಿಯಾಗಿ ಮಾಡ್ತಿದೀಯ ತಾನೇ?’

ಇಂಟರ್ನಲ್ಸ್ ಪಾಸಾಗಿದ್ದಾಳೆ, ಮಾರ್ಕ್ಸ್ ಸಾಧಾರಣ. ನಿದ್ದೆ ಬರುತ್ತಿದೆ. ಕೋರ್ಸ್ ಬಿಡುವ ಮಾತು ನಿಂತಿದೆ. ಕ್ಲಾಸಿನಲ್ಲಿ ಮಾತ್ರ ಇನ್ನೂ ಬಾಯಿಬಿಟ್ಟಿಲ್ಲ, ಆ ಎಲಿಜಬೆತನ್ ಪ್ರಶ್ನೆಯನ್ನು ಚೀಟಿಯಲ್ಲಿ ಬರೆದುಕೊಂಡು ಹೋಗಿ ಓದಿಯಾದರೂ ಕೇಳು ಅಂದಿದ್ದೇನೆ. ಮುಂದಿನ ಭೇಟಿ ಸೆಮಿನಾರ್ ಆದಮೇಲೆ.