ರ‍್ಯಾಂಡಿ ನ್ಯೂಮನ್ ವ್ಯಂಗ್ಯದ ಹಾಡುಗಾರರಾ, ಸಿನಿಮಾ ಸಂಗೀತಗಾರರಾ?

ಎರಡೂ. ಮೊದಲು ಬಂದದ್ದು ಹಾಡು. ಆದರೆ ಸಿನಿಮಾ ಸಂಗೀತ ಮನೆಯಲ್ಲೇ ಇತ್ತು: ದೊಡ್ಡಪ್ಪ ಆಲ್ಫ್ರೆಡ್ ನ್ಯೂಮನ್ ಹಾಲಿವುಡ್‌ನಲ್ಲಿ 9 ಆಸ್ಕರ್ ಗೆದ್ದವರು.

ಇವರ ವ್ಯಂಗ್ಯದ ಗುಟ್ಟು ಏನೆಂದರೆ, ಕೆಟ್ಟವನನ್ನು ಬೈಯುವುದಿಲ್ಲ, ಅವನ ಬಾಯಿಂದಲೇ ಹಾಡಿಸುತ್ತಾರೆ. 1972ರ 'ಸೇಲ್ ಅವೇ' ಕೇಳಿ. ರಾಗ ಜೋಗುಳದ ಹಾಗೆ ಹಿತ. ಹಾಡುವವನು ಮಾತ್ರ ಗುಲಾಮರ ವ್ಯಾಪಾರಿ. ಅಮೆರಿಕಕ್ಕೆ ಬನ್ನಿ, ಹೊಟ್ಟೆ ತುಂಬ ಊಟ, ಹುಲಿ ಸಿಂಹದ ಕಾಟ ಇಲ್ಲ ಅಂತ ಆಫ್ರಿಕಾದವರನ್ನು ಪುಸಲಾಯಿಸುತ್ತಿರುತ್ತಾನೆ. ಎರಡನೇ ಸಲ ಕೇಳುವಾಗ ಮೈ ಜುಮ್ ಅನ್ನುತ್ತದೆ.

ಈ ಉಪಾಯ ತಿರುಗುಬಾಣವೂ ಆಯಿತು. 1977ರ 'ಶಾರ್ಟ್ ಪೀಪಲ್' ಪೂರ್ವಗ್ರಹವನ್ನು ಗೇಲಿ ಮಾಡುವ ಹಾಡು. ಜನ ಅದನ್ನು ಕುಳ್ಳರ ಮೇಲಿನ ಬೈಗುಳ ಅಂದುಕೊಂಡು ಸಿಟ್ಟಾದರು. ಆದರೂ ಅಮೆರಿಕದ ಜನಪ್ರಿಯ ಹಾಡುಗಳ ಬಿಲ್‌ಬೋರ್ಡ್ ಪಟ್ಟಿಯಲ್ಲಿ 2ನೇ ಸ್ಥಾನಕ್ಕೆ ಏರಿತು!

ಸಿನಿಮಾದಲ್ಲಿ 1981ರ 'ರ‍್ಯಾಗ್‌ಟೈಮ್' ಹೆಸರು ತಂದಿತು, 1995ರ 'ಟಾಯ್ ಸ್ಟೋರಿ' ಮಕ್ಕಳಿಗೂ ಪರಿಚಯಿಸಿತು. ಅಲ್ಲಿ ವ್ಯಂಗ್ಯ ಕಮ್ಮಿ, ಅಕ್ಕರೆ ಜಾಸ್ತಿ. ಕಥೆಗೆ ಬೇಕಾದದ್ದು ಅದೇ ಅಲ್ವಾ? ಆಸ್ಕರ್ ಮಾತ್ರ ಸುಮ್ನೆ ಸಿಗಲಿಲ್ಲ. 15 ನಾಮನಿರ್ದೇಶನ ಕೈತಪ್ಪಿ, 2002ರಲ್ಲಿ 'ಮಾನ್‌ಸ್ಟರ್ಸ್, ಇಂಕ್' ಚಿತ್ರದ ಹಾಡಿಗೆ ಬಂತು. ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿದರೆ, ನಿಮ್ಮ ಕನಿಕರ ಬೇಡ ಅಂದುಬಿಟ್ಟರು.