ಬರ್ಲಿನ್ ಡಾಡಾ ಅಧ್ಯಾಯವನ್ನು ಗೈಡ್ ವಾಪಸ್ ಕೊಟ್ಟಿದ್ದಕ್ಕೆ

ಕಲೆಯ ರೂಢಿಗಳನ್ನೇ ಗೇಲಿ ಮಾಡಿದ ಡಾಡಾ ಚಳವಳಿಯ ಬರ್ಲಿನ್ ಗುಂಪಿನ ಮೇಲೆ ನೀವು ಬರೆದ ಪ್ರಬಂಧದ ಅಧ್ಯಾಯವನ್ನು ಗೈಡ್ ವಾಪಸ್ ಕೊಟ್ಟರು, ಹೇಗೆ ತಿದ್ದಲಿ ಎಂದು ಕೇಳಿದ್ದೀರಿ. ‘ಚರಿತ್ರೆ ಒಂದು ಕಡೆ, ಕಲೆ ಒಂದು ಕಡೆ’ ಎಂದು ಅವರು ಹೇಳಿದ್ದಕ್ಕೆ ಕಾರಣ ಬಹುಶಃ ಅಧ್ಯಾಯದ ಜೋಡಣೆಯೇ: ಮೊದಲ ಅರ್ಧ ಪೂರ್ತಿ ಮೊದಲ ಮಹಾಯುದ್ಧ, ಅದರ ನಂತರದ ಜರ್ಮನಿಯ ವೈಮಾರ್ ಗಣರಾಜ್ಯ, ಕೃತಿಗಳು ಬರುವುದು ಆಮೇಲೆ. ಅಧ್ಯಾಯ ಓದದೆ ಇಷ್ಟೇ ಹೇಳಬಲ್ಲೆ.

ಮೊದಲು ಒಂದೇ ಕೃತಿ ಹಿಡಿಯಿರಿ. ನೀವು ಹೆಸರಿಸಿದವುಗಳಲ್ಲಿ ಆ ಗುಂಪಿನ ಕಲಾವಿದೆ ಹನ್ನಾ ಹ್ಯೋಖ್ ಅವರ, ಹೆಸರಲ್ಲೇ ಅಡುಗೆಮನೆ ಚಾಕು ಇರುವ ಫೋಟೋಮಾಂಟಾಜ್ (ಫೋಟೋ ತುಣುಕು ಅಂಟಿಸಿ ಮಾಡಿದ ಚಿತ್ರ, 1919–20) ಒಂದೇ ಸಾಕು. ಪತ್ರಿಕೆಗಳಿಂದ ಕತ್ತರಿಸಿದ ಮುಖಗಳಲ್ಲಿ ಪಟ್ಟ ಕಳೆದುಕೊಂಡ ಚಕ್ರವರ್ತಿ ಕೈಸರ್, ಗಣರಾಜ್ಯದ ಅಧ್ಯಕ್ಷ ಎಬರ್ಟ್, ಐನ್‌ಸ್ಟೈನ್ ಇದ್ದಾರೆ. ಯಾರ ಪಕ್ಕ ಯಾರು ಎಂದು ಬರೆದುಕೊಳ್ಳಿ. ಬಲಗಡೆ ಕೆಳಮೂಲೆಯ ನಕ್ಷೆ ಹೆಂಗಸರಿಗೆ ಮತದಾನದ ಹಕ್ಕಿದ್ದ ಯುರೋಪಿನ ದೇಶಗಳದ್ದು. ಜರ್ಮನಿಯಲ್ಲಿ ಅವರು ರಾಷ್ಟ್ರೀಯ ಚುನಾವಣೆಗೆ ಮೊದಲು ಮತ ಹಾಕಿದ್ದು 1919ರ ಜನವರಿಯಲ್ಲಿ. ಹ್ಯೋಖ್ ಆಗ ಉಲ್‌ಸ್ಟೈನ್ ಪ್ರಕಾಶನದಲ್ಲಿ ಕಸೂತಿ ವಿನ್ಯಾಸದ ಕೆಲಸದಲ್ಲಿದ್ದರು. ನಿಮ್ಮ ಚರಿತ್ರೆಯ ಪುಟಗಳನ್ನು ಇಂಥ ವಿವರಗಳ ಕೆಳಗೆ ತಂದು ಹಾಕಿ; ಎಲ್ಲೂ ಕೂರದಿದ್ದನ್ನು ಅಳಿಸಿ, ಹೊಟ್ಟೆ ಉರಿದರೂ ಸರಿ.

ಸಿದ್ಧಾಂತಕಾರ ಪೀಟರ್ ಬ್ಯೂರ್ಗರ್ ಅವರ ಪುಸ್ತಕ (1974) ಕೊನೆಗೆ ಬರಲಿ. ಡಾಡಾದಂಥ ಚಳವಳಿಗಳ ಕಲಾವಿದರು ಕಲೆ ಎಂಬ ಸಂಸ್ಥೆಯ ಮೇಲೆಯೇ ಎರಗಿದರು ಎಂಬುದು ಅವರ ವಾದ. ಆದರೆ 1920ರಲ್ಲಿ ಬರ್ಲಿನ್ನಿನ ಡಾಡಾ ಮೇಳ ನಡೆದದ್ದು ಕಲಾವ್ಯಾಪಾರಿಯೊಬ್ಬರ ಗ್ಯಾಲರಿಯಲ್ಲಿ! ಅದನ್ನಿಟ್ಟುಕೊಂಡು ವಾದ ಪರೀಕ್ಷಿಸಿ.

ಪುಸ್ತಕಕ್ಕಾಗಿ ನಿಮ್ಮ ಮಡಿಕೇರಿ ಸುತ್ತಬೇಡಿ: ಅಯೋವಾ ವಿಶ್ವವಿದ್ಯಾಲಯದ ಡಾಡಾ ಸಂಗ್ರಹದಲ್ಲಿ ಮೂಲ ಪತ್ರಿಕೆಗಳ ಸ್ಕ್ಯಾನ್ ಉಚಿತ. ಮಳೆ ಹಿಡಿದು ಕರೆಂಟ್ ಕೈಕೊಡುವ ಮೊದಲೇ ಇಳಿಸಿಟ್ಟುಕೊಳ್ಳಿ.